ಸರಬರಾಜು ಟೆಂಡರ್ ತಿರಸ್ಕಾರವಾದರೆ: ಮೊದಲ ದಿನದಿಂದ ಹೈಕೋರ್ಟ್‌ವರೆಗಿನ ದಾರಿ

ಸರ್ಕಾರಿ ಸರಬರಾಜು ಟೆಂಡರ್ ಅಂದರೆ ರಸ್ತೆ ಕಾಮಗಾರಿಯಲ್ಲ. ರಸ್ತೆ, ಸೇತುವೆ ಕೆಲಸ ವರ್ಷಗಟ್ಟಲೆ ನಡೆಯುತ್ತದೆ. ಸರಬರಾಜು ಹಾಗಲ್ಲ. ಆದೇಶ ಕೈಗೆ ಬಂದ ತಿಂಗಳು, ಒಂದೂವರೆ ತಿಂಗಳಲ್ಲಿ ಮಂಚವೋ, ಕಂಪ್ಯೂಟರೋ, ಔಷಧಿಯೋ ಇಲಾಖೆಯ ಗೋದಾಮು ಸೇರಿರುತ್ತದೆ. ಬಿಲ್ಲೂ ಪಾಸಾಗಿರುತ್ತದೆ. ಆಮೇಲೆ ನಿಮ್ಮ ವಾದ ಎಷ್ಟೇ ಸರಿಯಿರಲಿ, ಕೋರ್ಟ್ ನಿಮಗೆ ಕೊಡುವುದಕ್ಕೆ ಏನೂ ಉಳಿದಿರುವುದಿಲ್ಲ.

ಇದು ಹೊಸ ಸಂಗತಿಯೂ ಅಲ್ಲ. ಟೆಂಡರ್ ವ್ಯಾಜ್ಯಗಳಲ್ಲಿ ಇವತ್ತಿಗೂ ವಕೀಲರು ಎತ್ತಿ ಹೇಳುವ ತೀರ್ಪು 1979ರ ರಮಣ ದಯಾರಾಮ್ ಶೆಟ್ಟಿ ಪ್ರಕರಣ. ಬಾಂಬೆ ವಿಮಾನ ನಿಲ್ದಾಣದಲ್ಲಿ ರೆಸ್ಟೋರೆಂಟ್ ನಡೆಸಲು ಟೆಂಡರ್ ಕರೆದಿದ್ದರು. ಕನಿಷ್ಠ 5 ವರ್ಷ ಅನುಭವ ಇರುವ, ನೋಂದಾಯಿತ ಎರಡನೇ ದರ್ಜೆ ಹೋಟೆಲಿನವರೇ ಆಗಬೇಕು ಅಂತ ಷರತ್ತು ಇತ್ತು. ಆ ಅರ್ಹತೆ ಇಲ್ಲದವರಿಗೆ ಗುತ್ತಿಗೆ ಹೋಯಿತು. ಪ್ರಾಧಿಕಾರ ತಾನೇ ಬರೆದ ಷರತ್ತನ್ನು ತಾನೇ ಮೀರುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿತು. ಆದರೂ ಅರ್ಜಿದಾರರಿಗೆ ಪರಿಹಾರ ಸಿಗಲಿಲ್ಲ. ಅವರಿಗೆ ಆ ಟೆಂಡರ್‌ನಲ್ಲಿ ನಿಜವಾದ ಆಸಕ್ತಿ ಇರಲಿಲ್ಲ ಎಂಬುದು ಒಂದು ಕಾರಣ. ಅಂಗೀಕಾರವಾಗಿ 5 ತಿಂಗಳು ಕಳೆದ ಮೇಲೆ ಕೋರ್ಟಿಗೆ ಬಂದಿದ್ದು ಇನ್ನೊಂದು ಕಾರಣ. ಅಷ್ಟರಲ್ಲಿ ಗೆದ್ದವರು ಹಣ ಸುರಿದಾಗಿತ್ತು. ಕಾನೂನಿನ ಪ್ರಶ್ನೆಯಲ್ಲಿ ಗೆದ್ದರೂ ಕೈಗೆ ಏನೂ ಬರಲಿಲ್ಲ.

ಹಾಗಾಗಿ ಈ ಲೇಖನ ದಿನಗಳ ಲೆಕ್ಕದಲ್ಲಿ ಸಾಗುತ್ತದೆ. ಕರ್ನಾಟಕದ ಇಲಾಖೆ, ನಿಗಮ, ಸ್ಥಳೀಯ ಸಂಸ್ಥೆಗಳ ಟೆಂಡರ್‌ಗಳನ್ನೇ ಮುಖ್ಯವಾಗಿ ಇಟ್ಟುಕೊಂಡು ಬರೆದಿದ್ದೇನೆ. ಇವುಗಳಿಗೆ ಕರ್ನಾಟಕ ಸಾರ್ವಜನಿಕ ಸಂಗ್ರಹಣೆಗಳಲ್ಲಿ ಪಾರದರ್ಶಕತೆ ಕಾಯ್ದೆ, 1999 ಅನ್ವಯಿಸುತ್ತದೆ. ಎಲ್ಲರೂ ಕೆಟಿಪಿಪಿ ಕಾಯ್ದೆ ಅನ್ನುತ್ತಾರೆ, ನಾನೂ ಹಾಗೇ ಕರೆಯುತ್ತೇನೆ. ಕೇಂದ್ರ ಸರ್ಕಾರದ ಖರೀದಿಯ ವಿಷಯ ಬಂದ ಕಡೆ ಬೇರೆಯಾಗಿ ಹೇಳುತ್ತೇನೆ.

ಮೊದಲ ದಿನ: ಜಗಳಕ್ಕೆ ಮೊದಲು ಕಾಗದ

ಕೆಪಿಪಿಪಿ (ರಾಜ್ಯದ ಸರ್ಕಾರಿ ಟೆಂಡರ್‌ಗಳ ಜಾಲತಾಣ) ಪೋರ್ಟಲ್‌ನಲ್ಲಿ ನಿಮ್ಮ ಬಿಡ್ ತಿರಸ್ಕಾರವಾಗಿದೆ ಅಂತ ಕಂಡ ತಕ್ಷಣ ಕಚೇರಿಗೆ ಫೋನ್ ಮಾಡಬೇಕು ಅನಿಸುತ್ತದೆ. ಒಂದು ಗಂಟೆ ತಡೆಯಿರಿ. ಮೊದಲು ಪೋರ್ಟಲ್‌ನಲ್ಲಿ ಕಾಣುವುದನ್ನೆಲ್ಲ ಇಳಿಸಿಕೊಳ್ಳಿ. ಟೆಂಡರ್ ಪ್ರಕಟಣೆ, ಪೂರ್ತಿ ಟೆಂಡರ್ ದಾಖಲೆ, ಆಮೇಲೆ ಬಂದ ತಿದ್ದುಪಡಿಗಳು, ಬಿಡ್ ಪೂರ್ವ ಸಭೆಯ ಉತ್ತರಗಳು, ನೀವು ಅಪ್‌ಲೋಡ್ ಮಾಡಿದ ಪ್ರತಿಯೊಂದು ಫೈಲ್, ಸಲ್ಲಿಕೆಯ ಸ್ವೀಕೃತಿ, ಇಎಂಡಿ (ಬಿಡ್ ಜೊತೆ ಕಟ್ಟುವ ಮುಂಗಡ ಠೇವಣಿ) ಕಟ್ಟಿದ ರಸೀದಿ, ತಾಂತ್ರಿಕ ಮೌಲ್ಯಮಾಪನದ ಫಲಿತಾಂಶ ಎಲ್ಲವೂ ಬೇಕು. ಪರದೆಯ ಚಿತ್ರ ತೆಗೆಯುವಾಗ ದಿನಾಂಕ ಮತ್ತು ಸಮಯ ಕಾಣುವ ಹಾಗೆ ತೆಗೆಯಿರಿ.

ತಿದ್ದುಪಡಿಗಳನ್ನು ಮರೆಯುವವರು ಜಾಸ್ತಿ. ಮೂಲ ದಾಖಲೆಯಲ್ಲಿ 3 ವರ್ಷದ ವಹಿವಾಟು ಕೇಳಿದ್ದು, ತಿದ್ದುಪಡಿಯಲ್ಲಿ 5 ವರ್ಷ ಆಗಿದ್ದರೆ ನಿಮ್ಮ ಇಡೀ ವಾದ ಕುಸಿದು ಬೀಳುತ್ತದೆ. ಅದು ಕೋರ್ಟಿನಲ್ಲಿ ಗೊತ್ತಾಗುವುದಕ್ಕಿಂತ ಮನೆಯಲ್ಲೇ ಗೊತ್ತಾಗುವುದು ಒಳ್ಳೆಯದು, ಅಲ್ವಾ?

ಅಪ್‌ಲೋಡ್ ಮಾಡುವಾಗ ಪೋರ್ಟಲ್ ಕೈಕೊಟ್ಟಿತ್ತು ಅಂತ ನಿಮ್ಮ ದೂರಿದ್ದರೆ, ಆ ಸಮಯದಲ್ಲಿ ಸಹಾಯವಾಣಿಗೆ ಕೊಟ್ಟ ದೂರಿನ ಸಂಖ್ಯೆ ಹುಡುಕಿ ಇಡಿ. ಅದಿಲ್ಲದೆ ‘ಸರ್ವರ್ ಡೌನ್ ಇತ್ತು’ ಅನ್ನುವ ಮಾತನ್ನು ಒಪ್ಪಿಸುವುದು ತುಂಬ ಕಷ್ಟ.

ಎರಡನೇ ದಿನ: ಕಾರಣ ಕೇಳಿ ಪತ್ರ

ಫೋನಿನಲ್ಲಿ ಆಡಿದ ಮಾತಿಗೆ ಮುಂದೆ ಬೆಲೆ ಇರುವುದಿಲ್ಲ. ಟೆಂಡರ್ ಕರೆದ ಅಧಿಕಾರಿಗೂ ಟೆಂಡರ್ ಅಂಗೀಕರಿಸುವ ಪ್ರಾಧಿಕಾರಕ್ಕೂ ಪತ್ರ ಬರೆಯಿರಿ. ಇಮೇಲ್ ಕಳಿಸಿ. ಜೊತೆಗೆ ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ದಿನಾಂಕದ ಸೀಲು ಹಾಕಿಸಿಕೊಳ್ಳಿ. ಪತ್ರ ಚಿಕ್ಕದಾಗಿರಲಿ. ಹೀಗಿದ್ದರೆ ಸಾಕು:

‘ಇಂಥ ಸಂಖ್ಯೆಯ ಟೆಂಡರ್‌ನಲ್ಲಿ ನಮ್ಮ ತಾಂತ್ರಿಕ ಬಿಡ್ ಅನ್ನು ಇಂಥ ದಿನಾಂಕದಂದು ತಿರಸ್ಕರಿಸಿರುವುದು ಪೋರ್ಟಲ್‌ನಿಂದ ತಿಳಿಯಿತು. ಯಾವ ಕಂಡಿಕೆಯನ್ನು ನಾವು ಪಾಲಿಸಿಲ್ಲ ಎಂಬುದನ್ನು ಕಂಡಿಕೆಯ ಸಂಖ್ಯೆ ಸಮೇತ ತಿಳಿಸಬೇಕು. ಮೌಲ್ಯಮಾಪನ ಸಮಿತಿಯ ನಡಾವಳಿಯ ಪ್ರತಿ ಕೊಡಬೇಕು. ಕೇಳಿದ್ದ ದಾಖಲೆ ನಮ್ಮ ಬಿಡ್‌ನ ಇಂಥ ಪುಟದಲ್ಲಿದೆ, ದಯವಿಟ್ಟು ಮರುಪರಿಶೀಲಿಸಿ. ನಮ್ಮ ಮನವಿ ತೀರ್ಮಾನವಾಗುವವರೆಗೆ ದರದ ಲಕೋಟೆ ತೆರೆಯಬಾರದು, ಸರಬರಾಜು ಆದೇಶ ಕೊಡಬಾರದು ಎಂದು ಕೋರುತ್ತೇವೆ.’

ಪತ್ರದ ಕೊನೆಯ ವಾಕ್ಯ ಸುಮ್ನೆ ಇರುವುದಲ್ಲ. ದರದ ಲಕೋಟೆ ತೆರೆಯುವ ಮುಂಚೆ ನಿಮ್ಮ ತಕರಾರು ದಾಖಲಾದರೆ ಅದಕ್ಕೆ ತೂಕ ಬೇರೆ. ಎಲ್ಲರ ದರ ಬಹಿರಂಗವಾದ ಮೇಲೆ ನಿಮ್ಮನ್ನು ಒಳಗೆ ಸೇರಿಸಿಕೊಳ್ಳುವುದು ಇಲಾಖೆಗೂ ಕೋರ್ಟಿಗೂ ಕಷ್ಟವಾಗುತ್ತದೆ. ತಾಂತ್ರಿಕ ದಾಖಲೆ ಒಂದು ಲಕೋಟೆಯಲ್ಲಿ, ದರ ಇನ್ನೊಂದರಲ್ಲಿ ಇರುವ ಎರಡು ಲಕೋಟೆ ಪದ್ಧತಿಯಲ್ಲಿ ತಾಂತ್ರಿಕ ಫಲಿತಾಂಶಕ್ಕೂ ದರ ತೆರೆಯುವುದಕ್ಕೂ ನಡುವೆ ಸಿಗುವ ಕೆಲವು ದಿನಗಳೇ ನಿಮ್ಮ ಅತಿ ಬೆಲೆಬಾಳುವ ಸಮಯ. ಆಗ ಎಚ್ಚರವಾಗದಿದ್ದರೆ ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ.

ಪತ್ರದಲ್ಲಿ ಯಾರ ಮೇಲೂ ಲಂಚದ ಆರೋಪ ಮಾಡಬೇಡಿ. ಕೈಯಲ್ಲಿ ಪುರಾವೆ ಇಲ್ಲದೆ ಬರೆದ ಒಂದು ಸಿಟ್ಟಿನ ಸಾಲು ಮುಂದೆ ನಿಮ್ಮ ಅರ್ಜಿಯ ಮೇಲೇ ತಿರುಗಿ ಬೀಳುತ್ತದೆ.

ಕೇಂದ್ರದ ಖರೀದಿಯಾದರೆ 2017ರ ಸಾಮಾನ್ಯ ಹಣಕಾಸು ನಿಯಮಗಳ ನಿಯಮ 173 ನಿಮ್ಮ ನೆರವಿಗಿದೆ. ಬಿಡ್‌ದಾರ ಷರತ್ತನ್ನು, ಪ್ರಕ್ರಿಯೆಯನ್ನು, ತಿರಸ್ಕಾರವನ್ನು ಪ್ರಶ್ನಿಸಲು ಟೆಂಡರ್ ದಾಖಲೆಯಲ್ಲೇ ಅವಕಾಶ ಇರಬೇಕು, ಕೇಳಿದರೆ ತಿರಸ್ಕಾರದ ಕಾರಣ ತಿಳಿಸಬೇಕು ಎಂದು ಅದು ಹೇಳುತ್ತದೆ. ಕೇಂದ್ರದ ಆನ್‌ಲೈನ್ ಖರೀದಿ ತಾಣವಾದ ಜೆಮ್ ಪೋರ್ಟಲ್‌ನಲ್ಲಿ ತಾಂತ್ರಿಕ ತಿರಸ್ಕಾರದ ವಿರುದ್ಧ ಅಲ್ಲೇ ಆಕ್ಷೇಪ ಸಲ್ಲಿಸಬಹುದು. ಆದರೆ ಆ ಕಿಟಕಿ ತೆರೆದಿರುವುದು ಬಹಳ ಕಡಿಮೆ ಹೊತ್ತು. ಅಲ್ಲಿ ದಿನಗಳನ್ನಲ್ಲ, ಗಂಟೆಗಳನ್ನು ಎಣಿಸಬೇಕು. ಹಾಗಾಗಿ ಮೇಲೆ ಹೇಳಿದ ಎರಡು ದಿನದ ಕೆಲಸವನ್ನು ಜೆಮ್‌ನಲ್ಲಿ ಒಂದೇ ದಿನದಲ್ಲಿ ಮುಗಿಸಿ.

ಮೂರನೇ ದಿನ: ನಿಮ್ಮ ಬಿಡ್ ಅನ್ನು ಎದುರಾಳಿಯ ಕಣ್ಣಿನಿಂದ ಓದಿ

ಇದು ಇಡೀ ದಾರಿಯಲ್ಲಿ ಅತಿ ಮುಖ್ಯವಾದ ಹಂತ. ಇದನ್ನೇ ಹೆಚ್ಚಿನವರು ಬಿಟ್ಟುಬಿಡುತ್ತಾರೆ. ನಮ್ಮ ಬಿಡ್ ನಮಗೆ ಯಾವಾಗಲೂ ಸರಿಯಾಗೇ ಕಾಣುತ್ತದೆ. ಅದಕ್ಕೆ ಟೆಂಡರ್ ಕೆಲಸ ಗೊತ್ತಿರುವ, ಆದರೆ ನಿಮ್ಮ ಬಿಡ್ ತಯಾರಿಸದ ಒಬ್ಬರ ಕೈಗೆ ಎರಡನ್ನೂ ಕೊಡಿ. ಪ್ರತಿ ಕಂಡಿಕೆಯ ಎದುರು ‘ಇದೆ’, ‘ಇಲ್ಲ’, ‘ಅರೆಬರೆ’ ಅಂತ ಗುರುತು ಹಾಕಿಸಿ. ತಿರಸ್ಕಾರದ ಕಾರಣ ಸಾಮಾನ್ಯವಾಗಿ ಮೂರರಲ್ಲಿ ಒಂದು ಬಗೆಯದಾಗಿರುತ್ತದೆ.

ಮೊದಲನೆಯದು, ತಪ್ಪು ನಿಜವಾಗಿ ನಿಮ್ಮದೇ. ಹಾಸ್ಟೆಲ್‌ಗಳಿಗೆ ಮಂಚ ಪೂರೈಸುವ ಟೆಂಡರ್ ಅಂದುಕೊಳ್ಳಿ. ವಹಿವಾಟಿನ ಪ್ರಮಾಣಪತ್ರಕ್ಕೆ ಲೆಕ್ಕ ಪರಿಶೋಧಕರ ಸಹಿ ಇದೆ, ಆದರೆ ಯುಡಿಐಎನ್ (ಅವರು ಸಹಿ ಮಾಡಿದ ದಾಖಲೆಗೆ ಕೊಡುವ ವಿಶಿಷ್ಟ ಗುರುತು) ಸಂಖ್ಯೆ ಇಲ್ಲ. ಟೆಂಡರ್‌ನಲ್ಲಿ ಅದು ಕಡ್ಡಾಯ ಅಂತ ಬರೆದಿತ್ತು. ಇಂಥ ಕಡೆ ‘ಇದು ಸಣ್ಣ ಲೋಪ’ ಅಂತ ವಾದಿಸಬಹುದು. ಗೆಲ್ಲುವುದು ಮಾತ್ರ ಸುಲಭವಲ್ಲ.

ಸಣ್ಣ ಲೋಪದ ವಾದ ಎಲ್ಲಿ ನಿಲ್ಲುತ್ತದೆ, ಎಲ್ಲಿ ಬೀಳುತ್ತದೆ ಅಂತ ತಿಳಿಯಲು ಎರಡು ತೀರ್ಪುಗಳನ್ನು ಪಕ್ಕ ಪಕ್ಕ ಇಟ್ಟು ನೋಡಬೇಕು. 1991ರ ಪೊದ್ದಾರ್ ಸ್ಟೀಲ್ ಪ್ರಕರಣದಲ್ಲಿ ಇಎಂಡಿಯನ್ನು ನಗದಾಗಿ ಅಥವಾ ಸ್ಟೇಟ್ ಬ್ಯಾಂಕಿನ ಡಿಡಿಯಾಗಿ ಕೊಡಿ ಅಂತ ಕೇಳಿದ್ದರು. ಒಬ್ಬರು ಯೂನಿಯನ್ ಬ್ಯಾಂಕಿನ ಚೆಕ್ ಕೊಟ್ಟರು. ಹಣ ಬರುವುದು ಖಚಿತ ಅಂತ ಬ್ಯಾಂಕೇ ಅದರ ಮೇಲೆ ದೃಢೀಕರಿಸಿತ್ತು. ಅವರ ಟೆಂಡರ್ ಒಪ್ಪಿದ್ದು ಸರಿ ಎಂದಿತು ಸುಪ್ರೀಂ ಕೋರ್ಟ್. ಅರ್ಹತೆಗೆ ಸಂಬಂಧಿಸಿದ ಮುಖ್ಯ ಷರತ್ತು ಬೇರೆ, ಅದಕ್ಕೆ ಪೂರಕವಾದ ಷರತ್ತು ಬೇರೆ, ಎರಡನೆಯದನ್ನು ಪ್ರಾಧಿಕಾರ ಸಡಿಲಿಸಬಹುದು ಎಂಬುದು ಅಲ್ಲಿನ ತಿರುಳು. ಆದರೆ 2016ರ ಸೆಂಟ್ರಲ್ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಬ್ಯಾಂಕ್ ಗ್ಯಾರಂಟಿ ಹೇಳಿದ ನಮೂನೆಯಲ್ಲಿ ಇರಲಿಲ್ಲ. ತಿರಸ್ಕಾರ ಸರಿ ಎಂದೇ ತೀರ್ಪು ಬಂತು. ಯಾವ ಷರತ್ತು ಮುಖ್ಯ ಅಂತ ಹೇಳಬೇಕಾದವರು ಟೆಂಡರ್ ಕರೆದವರೇ, ಅದನ್ನು ಗೌರವಿಸಬೇಕು ಎಂದಿತು ಕೋರ್ಟ್.

ಎರಡನ್ನೂ ಸೇರಿಸಿ ಓದಿದರೆ ಒಂದು ಮಾತು ಹೊಳೆಯುತ್ತದೆ. ಸಡಿಲಿಸುವ ಅಧಿಕಾರ ಇಲಾಖೆಯದು. ಸಡಿಲಿಸಲೇಬೇಕು ಅಂತ ಒತ್ತಾಯಿಸುವ ಹಕ್ಕು ನಿಮಗೆ ಸಾಮಾನ್ಯವಾಗಿ ಇಲ್ಲ. ತಪ್ಪು ನಿಮ್ಮದೇ ಆಗಿದ್ದು ಇಲಾಖೆ ಎಲ್ಲರನ್ನೂ ಅಷ್ಟೇ ಬಿಗಿಯಾಗಿ ನೋಡಿದ್ದರೆ, ದಯವಿಟ್ಟು ಅಲ್ಲಿಗೇ ನಿಲ್ಲಿಸಿ. ಆ ದುಡ್ಡು, ಆ ಸಮಯ ಮುಂದಿನ ಟೆಂಡರ್‌ಗೆ ಇರಲಿ.

ಎರಡನೆಯದು, ಕಾಗದ ಇತ್ತು, ಸಮಿತಿ ನೋಡಲಿಲ್ಲ ಅಥವಾ ತಪ್ಪಾಗಿ ಓದಿತು. ಇದು ಒಳ್ಳೆಯ ಪ್ರಕರಣ. ಪುಟ ಸಂಖ್ಯೆ ತೋರಿಸಿದರೆ ವಾದ ಮುಗಿದಂತೆ. ಎಷ್ಟೋ ಸಲ ಇಂಥವು ಎರಡನೇ ದಿನದ ಪತ್ರಕ್ಕೇ ಬಗೆಹರಿಯುತ್ತವೆ.

ಮೂರನೆಯದು, ನಿಮಗೊಂದು ಅಳತೆ, ಗೆದ್ದವರಿಗೆ ಇನ್ನೊಂದು ಅಳತೆ. ನಿಮ್ಮ ಅನುಭವ ಪತ್ರದಲ್ಲಿ ಒಂದು ಸೀಲು ಇಲ್ಲ ಅಂತ ಹೊರಗೆ ಹಾಕಿ, ಅದೇ ಲೋಪ ಇರುವ ಇನ್ನೊಬ್ಬರನ್ನು ಒಳಗೆ ಬಿಟ್ಟಿದ್ದರೆ ಅದು ಸಮಾನತೆಯ ಹಕ್ಕು ಕೊಡುವ ಸಂವಿಧಾನದ 14ನೇ ವಿಧಿಯ ಪ್ರಶ್ನೆ. ನನ್ನ ಅಭಿಪ್ರಾಯದಲ್ಲಿ ಟೆಂಡರ್ ವ್ಯಾಜ್ಯಗಳಲ್ಲಿ ಇದಕ್ಕಿಂತ ಗಟ್ಟಿಯಾದ ನೆಲೆ ಇಲ್ಲ. ಅದಕ್ಕೆ ಎದುರಾಳಿಯ ದಾಖಲೆ ನೋಡಲೇಬೇಕು. ಪೋರ್ಟಲ್‌ನಲ್ಲಿ ಕಾಣುವಷ್ಟನ್ನು ಅಲ್ಲೇ ನೋಡಿ. ಉಳಿದದ್ದಕ್ಕೆ ಮಾಹಿತಿ ಹಕ್ಕು ಕಾಯ್ದೆ 2005ರ ಅಡಿ ಅರ್ಜಿ ಹಾಕಿ. ಆದರೆ ಮಾಹಿತಿ ಕೊಡಲು 30 ದಿನ ಅವಕಾಶವಿದೆ. ವಾಣಿಜ್ಯ ಗೋಪ್ಯತೆಯ ಹೆಸರಿನಲ್ಲಿ ಸೆಕ್ಷನ್ 8ರ ಅಡಿ ನಿರಾಕರಿಸಲೂಬಹುದು. ಅದರ ಉತ್ತರಕ್ಕೆ ಕಾಯುತ್ತಾ ಕೂತರೆ ಅವಧಿ ಮೀರುತ್ತದೆ. ಅರ್ಜಿ ಹಾಕಿ, ಮುಂದಿನ ಹೆಜ್ಜೆಯನ್ನೂ ಇಡಿ. ಪ್ರಕರಣ ಕೋರ್ಟಿಗೆ ಹೋದರೆ ಮೂಲ ಕಡತವನ್ನೇ ತರಿಸಿ ನೋಡುವಂತೆ ಕೋರಬಹುದು.

ಯಾವ ಬಾಗಿಲು: ಮೇಲ್ಮನವಿಯೋ, ರಿಟ್ ಅರ್ಜಿಯೋ

ಕೆಟಿಪಿಪಿ ಕಾಯ್ದೆಯ ಎರಡು ಸೆಕ್ಷನ್‌ಗಳನ್ನು ಒಮ್ಮೆ ನೀವೇ ಓದಿ. ವಕೀಲರಿಗೆ ಬಿಟ್ಟು ಸುಮ್ಮನಿರಬೇಡಿ. ಟೆಂಡರ್ ಅಂಗೀಕರಿಸುವ ಆದೇಶದ ಬಗ್ಗೆ ಸೆಕ್ಷನ್ 13 ಹೇಳುತ್ತದೆ. ಅಂಗೀಕಾರದ ಮಾಹಿತಿಯ ಜೊತೆ ತುಲನಾತ್ಮಕ ವಿಶ್ಲೇಷಣೆ ಮತ್ತು ಕಾರಣಗಳೂ ಇರಬೇಕು ಎನ್ನುತ್ತದೆ. ನೀವು ಕೇಳಿ ಪಡೆಯಬೇಕಾದ ಕಾಗದ ಅದೇ. ಆ ಆದೇಶದಿಂದ ನೊಂದ ಟೆಂಡರ್‌ದಾರರಿಗೆ ಮೇಲ್ಮನವಿಯ ಹಕ್ಕು ಕೊಡುವುದು ಸೆಕ್ಷನ್ 16. ಆದೇಶ ಕೈಸೇರಿದ ದಿನದಿಂದ 30 ದಿನದೊಳಗೆ ಮೇಲ್ಮನವಿ ಸಲ್ಲಿಸಬೇಕು. ತಡಕ್ಕೆ ಸರಿಯಾದ ಕಾರಣ ತೋರಿಸಿದರೆ ಇನ್ನೂ 30 ದಿನದವರೆಗೆ ಅವಕಾಶ ಸಿಗಬಹುದು. ಆ ಹೆಚ್ಚುವರಿ ದಿನಗಳನ್ನು ನಂಬಿಕೊಳ್ಳಬೇಡಿ. ಸರಬರಾಜು ಟೆಂಡರ್‌ನಲ್ಲಿ ಮೊದಲ 30 ದಿನವೇ ಜಾಸ್ತಿಯಾಯಿತು.

ಇಲ್ಲಿ ಎರಡು ತೊಡಕುಗಳಿವೆ. ಒಂದು, ಟೆಂಡರ್ ಅಂಗೀಕರಿಸಿದ್ದು ಸರ್ಕಾರವೇ ಆಗಿದ್ದರೆ ಈ ಮೇಲ್ಮನವಿ ಇಲ್ಲ. ಆಗ ನೇರವಾಗಿ ಹೈಕೋರ್ಟ್. ಇನ್ನೊಂದು, ತಾಂತ್ರಿಕ ಹಂತದಲ್ಲೇ ನಿಮ್ಮನ್ನು ಹೊರಗೆ ಹಾಕಿದಾಗ ಸೆಕ್ಷನ್ 13ರ ಆದೇಶ ಇನ್ನೂ ಹುಟ್ಟಿರುವುದೇ ಇಲ್ಲ. ಅಂಗೀಕಾರ ಆಗುವವರೆಗೆ ಕಾದು ಮೇಲ್ಮನವಿಗೆ ಹೋಗಬೇಕೋ, ಈಗಲೇ ರಿಟ್ ಅರ್ಜಿ (ಸರ್ಕಾರಿ ಕ್ರಮವನ್ನು ನೇರವಾಗಿ ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ಹಾಕಬೇಕೋ ಎಂಬ ಪ್ರಶ್ನೆ ಏಳುತ್ತದೆ. ಇದನ್ನು ಮೊದಲ ವಾರದಲ್ಲೇ ಟೆಂಡರ್ ಪ್ರಕರಣ ನಡೆಸಿ ಗೊತ್ತಿರುವ ವಕೀಲರ ಜೊತೆ ಕೂತು ತೀರ್ಮಾನಿಸಿ. ನಿಮ್ಮ ಆಸ್ತಿ ವ್ಯಾಜ್ಯ ಚೆನ್ನಾಗಿ ನಡೆಸಿದ ವಕೀಲರೇ ಇದಕ್ಕೂ ಸಾಕು ಅಂದುಕೊಳ್ಳಬೇಡಿ.

ಮೇಲ್ಮನವಿಯ ದಾರಿ ಇದ್ದೂ ನೇರವಾಗಿ ಹೈಕೋರ್ಟಿಗೆ ಹೋದರೆ ‘ಮೊದಲು ಅಲ್ಲಿಗೆ ಹೋಗಿ’ ಎಂದು ಕಳಿಸುವ ಸಂಭವ ತುಂಬ ಇದೆ. ಹೋಗಿ ಬರುವಷ್ಟರಲ್ಲಿ ದಿನಗಳು ಕಳೆದುಹೋಗುತ್ತವೆ. ಪರ್ಯಾಯ ದಾರಿ ಇದ್ದರೂ ಹೈಕೋರ್ಟ್ ಯಾವಾಗ ಕೇಳಬಹುದು ಎಂಬುದನ್ನು 1998ರ ವರ್ಲ್‌ಪೂಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಪಟ್ಟಿ ಮಾಡಿದೆ. ಮೂಲಭೂತ ಹಕ್ಕಿನ ಪ್ರಶ್ನೆ, ಸಹಜ ನ್ಯಾಯದ ಉಲ್ಲಂಘನೆ (ನಿಮ್ಮ ಮಾತು ಕೇಳದೆ ತೀರ್ಮಾನಿಸುವಂಥದ್ದು), ಅಧಿಕಾರವೇ ಇಲ್ಲದೆ ಮಾಡಿದ ಆದೇಶ, ಕಾಯ್ದೆಯ ಸಿಂಧುತ್ವದ ಪ್ರಶ್ನೆ. ನಿಮ್ಮದು ಇದರಲ್ಲಿ ಯಾವುದಕ್ಕೆ ಸೇರುತ್ತದೆ ಅಂತ ಅರ್ಜಿಯ ಮೊದಲ ಪುಟಗಳಲ್ಲೇ ಹೇಳಿಸಿ.

ಮೇಲ್ಮನವಿ ಹಾಕಿದ ಮಾತ್ರಕ್ಕೆ ಟೆಂಡರ್ ತಾನಾಗಿ ನಿಲ್ಲುತ್ತದೆ ಅಂದುಕೊಳ್ಳಬೇಡಿ. ಸರಬರಾಜು ಆದೇಶಕ್ಕೆ ತಡೆ ಕೋರಿ ಬೇರೆ ಅರ್ಜಿಯನ್ನು ಅದೇ ದಿನ ಕೊಡಿ. ಮೇಲ್ಮನವಿ ಪ್ರಾಧಿಕಾರ ಅದನ್ನು ಕೈಗೆತ್ತಿಕೊಳ್ಳದೆ ದಿನ ತಳ್ಳುತ್ತಿದ್ದರೆ, ಆ ವಿಳಂಬವನ್ನೇ ತೋರಿಸಿ ಹೈಕೋರ್ಟಿಗೆ ಹೋಗಲು ನಿಮಗೊಂದು ಕಾರಣ ಸಿಗುತ್ತದೆ.

ಹೈಕೋರ್ಟ್: ಏನು ಕೇಳಬೇಕು, ಏನು ಕೇಳಬಾರದು

ಸಂವಿಧಾನದ 226ನೇ ವಿಧಿಯ ಅಡಿ ರಿಟ್ ಅರ್ಜಿ ಸಲ್ಲಿಸುತ್ತೀರಿ. ಜಿಲ್ಲೆಯನ್ನು ನೋಡಿಕೊಂಡು ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ. ಅರ್ಜಿಯ ಸಂಖ್ಯೆಯ ಜೊತೆ ‘ಜಿಎಂ-ಟೆನ್’ ಅಂತ ಕಂಡರೆ ಅದು ಟೆಂಡರ್ ವಿಭಾಗದ ಗುರುತು.

ಅರ್ಜಿ ಬರೆಸುವ ಮುನ್ನ ಕೋರ್ಟಿನ ಮನಸ್ಸು ತಿಳಿದಿರಬೇಕು. 1994ರ ಟಾಟಾ ಸೆಲ್ಯುಲರ್ ತೀರ್ಪಿನಿಂದ ಇಲ್ಲಿಯವರೆಗೆ ಒಂದೇ ಮಾತು ಮತ್ತೆ ಮತ್ತೆ ಬಂದಿದೆ. ಕೋರ್ಟ್ ಟೆಂಡರ್ ಸಮಿತಿಯ ಮೇಲಿನ ಇನ್ನೊಂದು ಸಮಿತಿಯಲ್ಲ. ತೀರ್ಮಾನ ಸರಿಯೋ ತಪ್ಪೋ ಎಂಬುದಕ್ಕಿಂತ ತೀರ್ಮಾನಕ್ಕೆ ಬಂದ ದಾರಿ ಸರಿಯೋ ಎಂಬುದನ್ನು ಅದು ನೋಡುತ್ತದೆ. ಜಗದೀಶ್ ಮಂಡಲ್ ಪ್ರಕರಣದಲ್ಲಿ ಎರಡು ಪ್ರಶ್ನೆಗಳನ್ನು ಸುಪ್ರೀಂ ಕೋರ್ಟ್ ಇಟ್ಟಿತು. ಈ ಪ್ರಕ್ರಿಯೆ ದುರುದ್ದೇಶದ್ದೋ, ಯಾರಿಗೋ ಅನುಕೂಲ ಮಾಡುವುದಕ್ಕೋ, ಅಥವಾ ವಿವೇಕವುಳ್ಳ ಯಾವ ಪ್ರಾಧಿಕಾರವೂ ಹೀಗೆ ಮಾಡಲಾರದು ಅನ್ನುವಷ್ಟು ಮನಬಂದಂತೆ ನಡೆದದ್ದೋ? ಇದರಿಂದ ಸಾರ್ವಜನಿಕ ಹಿತಕ್ಕೆ ಧಕ್ಕೆಯಾಗುತ್ತದೆಯೋ? ಎರಡಕ್ಕೂ ಉತ್ತರ ‘ಇಲ್ಲ’ ಎಂದಾದರೆ ಕೋರ್ಟ್ ಕೈ ಹಾಕುವುದಿಲ್ಲ. 2016ರ ಅಫ್ಕಾನ್ಸ್ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಟೆಂಡರ್ ದಾಖಲೆ ಬರೆದವರಿಗೇ ಅದರ ಅರ್ಥ ಚೆನ್ನಾಗಿ ಗೊತ್ತು, ಅವರ ಓದು ವಿಪರೀತವಲ್ಲದಿದ್ದರೆ ಒಪ್ಪಿಕೊಳ್ಳಿ ಎಂದಿತು.

ಹಾಗಿದ್ದರೆ ನಿಮ್ಮ ಅರ್ಜಿ ಹೇಗಿರಬೇಕು? ‘ನಮ್ಮ ಮಂಚ ಅವರ ಮಂಚಕ್ಕಿಂತ ಗಟ್ಟಿ’ ಅನ್ನುವ ಮಾತು ಬೇಡ. ‘ನಾವು ಕಡಿಮೆ ದರ ಹೇಳಿದ್ದೆವು’ ಅನ್ನುವುದೂ ಒಂಟಿಯಾಗಿ ನಿಲ್ಲದು. ಕಡಿಮೆ ದರ ಹೇಳಿದವರಿಗೆ ಗುತ್ತಿಗೆ ಸಿಗಲೇಬೇಕು ಎಂಬ ಹಕ್ಕು ಇಲ್ಲ. ಬದಲಿಗೆ ಹೀಗೆ ಹೇಳಿ: ಕಂಡಿಕೆ ಇದು, ನಮ್ಮ ದಾಖಲೆ ಈ ಪುಟದಲ್ಲಿದೆ, ಸಮಿತಿ ಕೊಟ್ಟ ಕಾರಣ ಇದು, ಆ ಕಾರಣ ದಾಖಲೆಗೇ ವಿರುದ್ಧ, ಇದೇ ಕಂಡಿಕೆಯನ್ನು ನಾಲ್ಕನೇ ಪ್ರತಿವಾದಿಗೆ ಸಡಿಲಿಸಿದ್ದಾರೆ. ಇಷ್ಟನ್ನು ಒಂದು ಪುಟದ ಪಟ್ಟಿಯಾಗಿ ಮಾಡಿ ಅರ್ಜಿಗೆ ಲಗತ್ತಿಸಿ. ವಿಚಾರಣೆಯ ದಿನ ಕೆಲವೇ ನಿಮಿಷ ಸಿಕ್ಕರೂ ಆ ಒಂದು ಪುಟ ನಿಮ್ಮ ಪರ ಮಾತಾಡುತ್ತದೆ.

ತಿರಸ್ಕಾರದ ಹಿಂಬರಹದಲ್ಲಿ ಒಂದು ಕಾರಣ ಬರೆದು, ಕೋರ್ಟಿನಲ್ಲಿ ಇಲಾಖೆ ಬೇರೆ ಕಾರಣ ಹೇಳಲು ಶುರು ಮಾಡಿದರೆ ತಕ್ಷಣ ಆಕ್ಷೇಪಿಸಿ. ಆದೇಶ ಅದರಲ್ಲಿರುವ ಕಾರಣದ ಮೇಲೇ ನಿಲ್ಲಬೇಕು, ಆಮೇಲೆ ಕೋರ್ಟಿಗೆ ಕೊಡುವ ಅಫಿಡವಿಟ್‌ನಲ್ಲಿ ಹೊಸ ಕಾರಣ ಸೇರಿಸುವಂತಿಲ್ಲ ಎಂಬುದು ಮೊಹಿಂದರ್ ಸಿಂಗ್ ಗಿಲ್ ಪ್ರಕರಣದಿಂದ ಬಂದ ಹಳೆಯ ನಿಯಮ. ಅದಕ್ಕೇ ಎರಡನೇ ದಿನವೇ ಕಾರಣವನ್ನು ಬರಹದಲ್ಲಿ ಕೇಳಿ ಅಂದದ್ದು.

ಗೆದ್ದ ಬಿಡ್‌ದಾರರನ್ನು ಪ್ರತಿವಾದಿಯಾಗಿ ಸೇರಿಸಲೇಬೇಕು. ಅವರ ಗುತ್ತಿಗೆಗೆ ಕುತ್ತು ಬರುವ ಅರ್ಜಿಯಲ್ಲಿ ಅವರಿಲ್ಲದಿದ್ದರೆ ಅದೊಂದೇ ಕಾರಣಕ್ಕೆ ಅರ್ಜಿ ಬೀಳಬಹುದು. ಅವರು ಮೊದಲೇ ಕೇವಿಯಟ್ (ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಎಂಬ ಮುಂಗಡ ಅರ್ಜಿ) ಹಾಕಿರುವ ಸಾಧ್ಯತೆಯೂ ಇದೆ. ಕೇವಿಯಟ್ 90 ದಿನ ಜೀವಂತ. ಇದ್ದರೆ ಅವರಿಗೆ ನೋಟಿಸ್ ಕೊಡದೆ ತಡೆಯಾಜ್ಞೆ ಸಿಗುವುದಿಲ್ಲ, ಅದಕ್ಕೆ ಪ್ರತಿಗಳನ್ನು ಮುಂಚೆಯೇ ತಲುಪಿಸಿಡಿ. ನೀವೇ ಗೆದ್ದವರಾಗಿದ್ದು ಯಾರೋ ತಕರಾರು ಎತ್ತಿದ ಸುಳಿವು ಸಿಕ್ಕಿದ್ದರೆ, ಕೇವಿಯಟ್ ಹಾಕಬೇಕಾದವರು ನೀವು.

ತಡೆಯಾಜ್ಞೆಯ ಬಗ್ಗೆ ಒಂದು ಮಾತು. 2022ರ ಎನ್.ಜಿ. ಪ್ರಾಜೆಕ್ಟ್ಸ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಟೆಂಡರ್‌ಗಳಿಗೆ ತಡೆ ಕೊಡುವಾಗ ತುಂಬ ಸಂಯಮ ಬೇಕು ಎಂದಿದೆ. ತಡೆಗಿಂತ ನಷ್ಟ ಪರಿಹಾರದ ದಾರಿ ತೋರಿಸುವುದು ಲೇಸು ಎಂದೂ ಹೇಳಿದೆ. ಅದು ರಸ್ತೆ ಕಾಮಗಾರಿಯ ಪ್ರಕರಣ. 2018ರಲ್ಲಿ ನಿರ್ದಿಷ್ಟ ಪರಿಹಾರ ಕಾಯ್ದೆಗೆ ಸೇರಿಸಿದ ಸೆಕ್ಷನ್ 20ಎ ಕೂಡ ಮೂಲಸೌಕರ್ಯ ಯೋಜನೆಗಳ ಬಗ್ಗೆಯೇ ಮಾತಾಡುತ್ತದೆ. ನಿಮ್ಮದು ಮಂಚ, ಮೇಜುಗಳ ಸರಬರಾಜಾದರೆ ಈ ವ್ಯತ್ಯಾಸವನ್ನು ವಕೀಲರು ಎತ್ತಿ ಹೇಳಲಿ. ಆದರೆ ಆಸ್ಪತ್ರೆಯ ಔಷಧಿ, ಮಕ್ಕಳ ಆಹಾರದಂಥ ಸರಬರಾಜಿಗೆ ತಡೆ ಕೇಳುವಾಗ ಸ್ವಲ್ಪ ಯೋಚಿಸಿ. ಅಲ್ಲಿ ನ್ಯಾಯಾಧೀಶರ ಮನಸ್ಸಿನಲ್ಲಿ ಮೊದಲು ಬರುವುದು ರೋಗಿಗಳು, ಮಕ್ಕಳು. ಅದು ಸರಿಯೂ ಹೌದು. ಪೂರ್ತಿ ತಡೆಯ ಬದಲು ‘ಅಂತಿಮ ತೀರ್ಪಿಗೆ ಒಳಪಟ್ಟು ಆದೇಶ ಕೊಡಲಿ, ತುರ್ತು ಅಗತ್ಯದಷ್ಟು ಮಾತ್ರ ಖರೀದಿಸಲಿ’ ಅಂತ ಕೇಳಿದರೆ ಸಿಗುವ ಸಾಧ್ಯತೆ ಜಾಸ್ತಿ.

ಖರ್ಚಿನ ಅಪಾಯವೂ ಇದೆ. ತಮಿಳುನಾಡಿನಲ್ಲಿ ಮದ್ಯದ ಬಾಟಲಿಗಳ ಹೋಲೋಗ್ರಾಂ ಲೇಬಲ್ ಸರಬರಾಜಿನ ಟೆಂಡರ್ ಬಗ್ಗೆ ನಡೆದ ಯುಫ್ಲೆಕ್ಸ್ ಪ್ರಕರಣದಲ್ಲಿ, 2021ರಲ್ಲಿ, ಸೋತವರೇ ಎದುರಿನವರ ವ್ಯಾಜ್ಯದ ಖರ್ಚು ತುಂಬಿಕೊಡಲಿ ಎಂದು ಸುಪ್ರೀಂ ಕೋರ್ಟ್ ಹೇಳಿತು. ವ್ಯಾಪಾರಿಗಳ ನಡುವಿನ ಜಗಳಕ್ಕೆ ರಿಟ್ ಅರ್ಜಿಯನ್ನು ಬಳಸಿಕೊಳ್ಳುವುದನ್ನು ಕೋರ್ಟ್ ಇಷ್ಟಪಡುವುದಿಲ್ಲ.

ಏಕಸದಸ್ಯ ಪೀಠದಲ್ಲಿ ಸೋತರೆ ಹೈಕೋರ್ಟಿನಲ್ಲೇ ವಿಭಾಗೀಯ ಪೀಠಕ್ಕೆ ರಿಟ್ ಮೇಲ್ಮನವಿ ಹೋಗಬಹುದು. ಅದಕ್ಕೂ ದಿನಗಳ ಮಿತಿಯಿದೆ.

ಈ ನಡುವೆ ಕೈತಪ್ಪಬಾರದ ಎರಡು ವಿಷಯ

ಬಿಡ್‌ನ ಸಿಂಧುತ್ವದ ಅವಧಿ ಮುಗಿಯುತ್ತಾ ಬಂದರೆ, ವಿಸ್ತರಿಸಲು ಒಪ್ಪಿಗೆಯಿದೆ ಅಂತ ನೀವೇ ಪತ್ರ ಕೊಡಿ. ನಿಮ್ಮ ಬಿಡ್ ಸತ್ತಿದ್ದರೆ ಅದನ್ನು ಮರುಪರಿಶೀಲಿಸಿ ಅಂತ ಕೋರ್ಟ್ ಹೇಗೆ ಹೇಳುತ್ತದೆ?

ಇಎಂಡಿ ವಾಪಸ್ ಬಂದರೆ ಹಣ ತೆಗೆದುಕೊಳ್ಳುವುದು ತಪ್ಪಲ್ಲ. ಆದರೆ ‘ನಮ್ಮ ತಕರಾರಿನ ಹಕ್ಕನ್ನು ಉಳಿಸಿಕೊಂಡು ಸ್ವೀಕರಿಸಿದ್ದೇವೆ, ಅಗತ್ಯಬಿದ್ದರೆ ಮತ್ತೆ ಕಟ್ಟುತ್ತೇವೆ’ ಅಂತ ಅದೇ ದಿನ ಒಂದು ಪತ್ರ ಹೋಗಲಿ. ಕೇಂದ್ರದ ಎರಡು ಲಕೋಟೆ ಟೆಂಡರ್‌ಗಳಲ್ಲಿ ತಾಂತ್ರಿಕ ಹಂತದಲ್ಲಿ ಸೋತವರ ಇಎಂಡಿಯನ್ನು ಆ ಫಲಿತಾಂಶ ಬಂದ 30 ದಿನದೊಳಗೆ ಹಿಂದಿರುಗಿಸಬೇಕು ಅಂತ ಸಾಮಾನ್ಯ ಹಣಕಾಸು ನಿಯಮಗಳ ನಿಯಮ 170 ಹೇಳುತ್ತದೆ. ಬರದಿದ್ದರೆ ಕೇಳಿ ಪಡೆಯಿರಿ.

ತಿರಸ್ಕಾರದ ಜೊತೆ ಕಪ್ಪುಪಟ್ಟಿ ಬಂದರೆ

ಇದನ್ನು ಬೇರೆಯದೇ ಪ್ರಕರಣ ಅಂತ ನೋಡಿ. ಒಂದು ಟೆಂಡರ್ ಹೋದರೆ ಒಂದು ಟೆಂಡರ್. ಕಪ್ಪುಪಟ್ಟಿಗೆ ಹಾಕಿದರೆ ವ್ಯಾಪಾರವೇ ನಿಲ್ಲುತ್ತದೆ. ನಿಮ್ಮ ಕೆಲಸದವರ ಸಂಬಳವೂ ನಿಲ್ಲುತ್ತದೆ. ಹಾಗಾಗಿ ಕೋರ್ಟ್‌ಗಳು ಇಲ್ಲಿ ಇಲಾಖೆಯನ್ನು ಹೆಚ್ಚು ಬಿಗಿಯಾಗಿ ಪ್ರಶ್ನಿಸುತ್ತವೆ. ಮುಂಚಿತವಾಗಿ ನೋಟಿಸ್ ಕೊಡಲೇಬೇಕು. ಕಪ್ಪುಪಟ್ಟಿಗೆ ಸೇರಿಸುವ ಯೋಚನೆಯಿದೆ ಎಂಬುದು ಆ ನೋಟಿಸಿನಲ್ಲೇ ಸ್ಪಷ್ಟವಾಗಿ ಇರಬೇಕು. 2020ರ ಯುಎಂಸಿ ಟೆಕ್ನಾಲಜೀಸ್ ಪ್ರಕರಣದಲ್ಲಿ ಅದು ಇರಲಿಲ್ಲ ಎಂಬ ಕಾರಣಕ್ಕೇ ಭಾರತೀಯ ಆಹಾರ ನಿಗಮದ ಆದೇಶ ರದ್ದಾಯಿತು. ಇಂಥ ನೋಟಿಸ್ ಬಂದರೆ ಕೊಟ್ಟ ಗಡುವಿನೊಳಗೆ ಉತ್ತರ ಕೊಡಿ. ಸುಮ್ಮನಿದ್ದರೆ ಒಪ್ಪಿಕೊಂಡ ಹಾಗಾಗುತ್ತದೆ.

ಎಲ್ಲ ಟೆಂಡರ್‌ಗಳನ್ನೂ ಒಟ್ಟಿಗೆ ರದ್ದು ಮಾಡಿದರೆ

ನಿಮ್ಮ ದರವೇ ಕಡಿಮೆ ಅಂತ ತೆರೆದು ಓದಿದ ಮೇಲೆ ಇಡೀ ಟೆಂಡರ್ ರದ್ದು ಮಾಡಿ ಮರುಟೆಂಡರ್ ಕರೆಯುವುದೂ ಉಂಟು. ಅಂಗೀಕಾರದ ಆದೇಶಕ್ಕೆ ಮುಂಚೆ ಎಲ್ಲವನ್ನೂ ತಿರಸ್ಕರಿಸುವ ಅಧಿಕಾರವನ್ನು ಕೆಟಿಪಿಪಿ ಕಾಯ್ದೆಯ ಸೆಕ್ಷನ್ 14 ಕೊಡುತ್ತದೆ. ಆದರೆ ಕಾರಣಗಳನ್ನೂ ಅದೇ ಹೇಳುತ್ತದೆ. ಖರೀದಿಯ ವ್ಯಾಪ್ತಿ ಬದಲಾಗಿರಬೇಕು, ನಿರೀಕ್ಷಿಸಿದ ಹಣ ಬರದೆ ಹೋಗಿರಬೇಕು, ಅವಘಡವೋ ವಿಪತ್ತೋ ಆಗಿರಬೇಕು, ಹೀಗೆ ಖರೀದಿಯೇ ಬೇಡ ಅಥವಾ ಸಾಧ್ಯವಿಲ್ಲ ಅನ್ನುವಂಥ ಸ್ಥಿತಿ ಬಂದಿರಬೇಕು. ‘ಆಡಳಿತಾತ್ಮಕ ಕಾರಣ’ ಅಂತ ಎರಡು ಪದ ಬರೆದು, ಮುಂದಿನ ತಿಂಗಳು ಅದೇ ವಸ್ತುವಿಗೆ, ಅಷ್ಟೇ ಪ್ರಮಾಣಕ್ಕೆ ಟೆಂಡರ್ ಕರೆದರೆ ಪ್ರಶ್ನಿಸಲು ನೆಲೆಯಿದೆ. ಮರುಟೆಂಡರ್‌ನ ಬಿಡ್ ಸಲ್ಲಿಸುವ ಕೊನೆಯ ದಿನಕ್ಕೆ ಮುಂಚೆ ಪ್ರಶ್ನಿಸಿ. ಮೊದಲ ಟೆಂಡರ್ ರದ್ದಾದ ಬಗ್ಗೆ ತುಟಿ ಬಿಚ್ಚದೆ ಮರುಟೆಂಡರ್‌ನಲ್ಲಿ ಭಾಗವಹಿಸಿ, ಸೋತ ಮೇಲೆ ಹಿಂದಿನದನ್ನು ಎತ್ತಿದರೆ ಯಾರೂ ಕೇಳುವುದಿಲ್ಲ.

ಷರತ್ತೇ ಯಾರೋ ಒಬ್ಬರಿಗಾಗಿ ಹೊಲಿದ ಅಂಗಿಯ ಹಾಗಿದ್ದರೂ ಇದೇ ಮಾತು. ಒಂದೇ ಕಂಪನಿಯ ಮಾದರಿಗೆ ಹೊಂದುವ ಅಳತೆ, ಅಗತ್ಯಕ್ಕಿಂತ ಹತ್ತು ಪಟ್ಟು ವಹಿವಾಟು ಇಂಥವು ಕಂಡರೆ ಬಿಡ್ ಹಾಕುವ ಮುಂಚೆಯೇ ಬಿಡ್ ಪೂರ್ವ ಸಭೆಯಲ್ಲಿ ಬರಹದಲ್ಲಿ ಆಕ್ಷೇಪಿಸಿ. ಉತ್ತರ ಸರಿಯಿಲ್ಲದಿದ್ದರೆ ಆಗಲೇ ಕೋರ್ಟಿಗೆ ಹೋಗಿ. ಷರತ್ತು ಒಪ್ಪಿ ಬಿಡ್ ಹಾಕಿದ ಮೇಲೆ ಆ ಬಾಗಿಲು ಬಹುಪಾಲು ಮುಚ್ಚುತ್ತದೆ.

ಬಿಡ್‌ದಾರರು ತಮ್ಮೊಳಗೇ ದರ ಹೊಂದಿಸಿಕೊಂಡಿದ್ದಾರೆ ಅನ್ನುವುದಕ್ಕೆ ಪುರಾವೆ ಇದ್ದರೆ ಅದಕ್ಕೆ ಭಾರತೀಯ ಸ್ಪರ್ಧಾ ಆಯೋಗವಿದೆ. ಲಂಚದ ಪುರಾವೆಯಿದ್ದರೆ ಲೋಕಾಯುಕ್ತವಿದೆ. ಇವೆರಡೂ ಬೇರೆ ದಾರಿಗಳು. ನಿಮ್ಮ ಸರಬರಾಜು ಆದೇಶವನ್ನು ಇವು ವಾಪಸ್ ತಂದುಕೊಡುವುದಿಲ್ಲ, ನಿಮ್ಮ 30 ದಿನಗಳ ಲೆಕ್ಕವನ್ನೂ ನಿಲ್ಲಿಸುವುದಿಲ್ಲ.

ಗೆದ್ದರೆ ಏನು ಸಿಗುತ್ತದೆ

ಹೆಚ್ಚಿನ ಸಲ ಕೋರ್ಟ್ ಗುತ್ತಿಗೆಯನ್ನೇ ನಿಮ್ಮ ಕೈಗೆ ಕೊಡುವುದಿಲ್ಲ. ತಿರಸ್ಕಾರದ ಆದೇಶ ರದ್ದು ಮಾಡಿ, ನಿಮ್ಮ ಬಿಡ್ ಅನ್ನು ಕಾನೂನಿನಂತೆ ಮತ್ತೆ ಪರಿಶೀಲಿಸಿ ಅಂತ ಇಲಾಖೆಗೆ ಹೇಳುತ್ತದೆ. ಆ ಆದೇಶದಲ್ಲಿ ಒಂದು ಗಡುವು ಬರೆಸಿಕೊಳ್ಳಲು ವಕೀಲರಿಗೆ ಮೊದಲೇ ಹೇಳಿಡಿ. ಗಡುವಿಲ್ಲದ ಮರುಪರಿಶೀಲನೆ ತಿಂಗಳುಗಟ್ಟಲೆ ಕಡತದಲ್ಲೇ ಕೂರುತ್ತದೆ. ತೀರ್ಪಿನ ದೃಢೀಕೃತ ಪ್ರತಿ ಸಿಕ್ಕ ದಿನವೇ ಅದನ್ನು ಟಪಾಲು ವಿಭಾಗಕ್ಕೆ ಕೊಟ್ಟು ಸೀಲು ಹಾಕಿಸಿ. ಮೂಲ ದಾಖಲೆಗಳನ್ನು ಒಂದು ಕಡತದಲ್ಲಿ ಜೋಡಿಸಿಟ್ಟುಕೊಂಡು, ಸಮಿತಿ ಕರೆದ ದಿನ ಅದನ್ನೆಲ್ಲ ಹಿಡಿದುಕೊಂಡು ನೀವೇ ಖುದ್ದಾಗಿ ಹೋಗಿ.